ಟೊಮೆಟೊ ಲಾಟರಿ ಅಂತೀರಲ್ಲ, ಒಂದು ಲೆಕ್ಕ ಹಾಕೋಣ ಬನ್ನಿ

ಕೋಲಾರದ ಕಡೆ ಟೊಮೆಟೊ ಬೆಳೆಯುವವರು ಆಗಾಗ ಹೇಳೋದು ಇಷ್ಟೇ: "ಬೆಳೆ ನಮ್ದು ಸಾರ್, ಬೆಲೆ ದೇವರದ್ದು." ತೋಟಗಾರಿಕೆ ಸಲಹೆಗಾರನಾಗಿ ಈ ಮಾತನ್ನು ಕೇಳುತ್ತಲೇ ಬಂದಿದ್ದೇನೆ. ಅರ್ಧ ನಿಜ. ಉಳಿದ ಅರ್ಧದ ಬಗ್ಗೆ ಇವತ್ತು ಬರೀಬೇಕು ಅನ್ನಿಸಿತು.

2023ರ ಜುಲೈ ಎಲ್ಲರಿಗೂ ನೆನಪಿದೆ. ಕೋಲಾರದ ಎಪಿಎಂಸಿಯಲ್ಲಿ 15 ಕೆ.ಜಿ. ಬಾಕ್ಸ್ 2,000 ರೂಪಾಯಿ ದಾಟಿತು. ತೋಟಕ್ಕೆ ರಾತ್ರಿ ಕಾವಲು ಕೂತರು ಜನ. ಆಗ ಕೈಯಲ್ಲಿ ಬೆಳೆ ಇದ್ದವರ ಸಾಲ ತೀರಿತು, ಕೆಲವರ ಮನೆ ಎದ್ದಿತು, ಟಿವಿಯವರು ಅವರ ಬಾಗಿಲಿಗೇ ಬಂದರು. ಅದಕ್ಕೂ ಮುಂಚೆ, ಅದೇ ವರ್ಷದ ಬೇಸಿಗೆಯಲ್ಲಿ ಬೆಲೆ ಕುಸಿದಿತ್ತು, ಬಿಸಿಲಿಗೆ ಹೂವು ಉದುರಿತ್ತು, ಎಲೆ ಮುದುಡು ರೋಗ ಬಂದಿತ್ತು, ಎಷ್ಟೋ ಜನ ಬೇಜಾರಾಗಿ ತೋಟ ಬಿಟ್ಟಿದ್ದರು. ಬೆಲೆ ಏರಿದ್ದೇ ಅದಕ್ಕೆ, ಅಂದರೆ ಒಬ್ಬರ ಅದೃಷ್ಟ ಹುಟ್ಟಿದ್ದು ಇನ್ನೊಬ್ಬರು ಕಳಕೊಂಡ ಬೆಳೆಯಿಂದ. ಇದನ್ನು ಯಾರೂ ಜಾಸ್ತಿ ಮಾತಾಡಲ್ಲ. ಆಮೇಲೆ ನಾಸಿಕ್ ಕಡೆಯ ಹೊಸ ಬೆಳೆ ಬರತೊಡಗಿತು, ನೇಪಾಳದಿಂದಲೂ ತರಿಸಿದರು, ಸೆಪ್ಟೆಂಬರ್ ಹೊತ್ತಿಗೆ ಬೆಲೆ ಮತ್ತೆ ನೆಲಕಚ್ಚಿತು. ಜುಲೈನ ರೇಟ್ ನೋಡಿ ನಾಟಿ ಮಾಡಿದವರ ಹಣ್ಣು ಇನ್ನೂ ಗಿಡದಲ್ಲೇ ಇತ್ತು.

ಇದರಲ್ಲಿ ಅದೃಷ್ಟ ಎಷ್ಟು? ತುಂಬಾ ಇದೆ, ಒಪ್ಪುತ್ತೇನೆ. ಮಹಾರಾಷ್ಟ್ರದಲ್ಲಿ ಮಳೆ ಹೆಂಗೆ ಬರುತ್ತದೆ, ಆಂಧ್ರದ ಮದನಪಲ್ಲಿ ಕಡೆ ಎಷ್ಟು ಜನ ನಾಟಿ ಮಾಡಿದ್ದಾರೆ, ಇದ್ಯಾವುದೂ ನಮ್ಮ ಕೋಲಾರ ಜಿಲ್ಲೆಯ ಶ್ರೀನಿವಾಸಪುರದ ರೈತನ ಕೈಯಲ್ಲಿಲ್ಲ. ಆದರೆ ರೇಟ್ ಏರಿದಾಗ ನಾಟಿ ಮಾಡಿದರೆ ಇಳಿಯೋ ಹೊತ್ತಿಗೆ ಕೊಯ್ಲಿಗೆ ಬರುತ್ತದೆ ಅನ್ನೋದು ಅದೃಷ್ಟ ಅಲ್ಲ. ನರ್ಸರಿಯಲ್ಲಿ ಸಸಿಗೆ 25-30 ದಿನ, ನಾಟಿಯಾದ ಮೇಲೆ ಮೊದಲ ಹಣ್ಣಿಗೆ ಎರಡು ತಿಂಗಳಿಗಿಂತ ಜಾಸ್ತಿ. ಇವತ್ತಿನ ಹರಾಜಿನ ರೇಟ್ ಮೂರು ತಿಂಗಳ ಹಿಂದೆ ಎಷ್ಟು ಜನ ಬೀಜ ಹಾಕಿದರು ಅನ್ನೋದನ್ನ ಹೇಳುತ್ತದೆ, ನಿಮಗೆ ಮುಂದೆ ಏನು ಸಿಗುತ್ತದೆ ಅನ್ನೋದನ್ನ ಅಲ್ಲ.

ಈಗ ಲೆಕ್ಕಕ್ಕೆ ಬರೋಣ. ಒಂದು ಎಕರೆಗೆ ಸಸಿ, ಗೊಬ್ಬರ, ಮಲ್ಚಿಂಗ್ ಪೇಪರ್, ಡ್ರಿಪ್, ಕಡ್ಡಿ ನೆಟ್ಟು ದಾರ ಕಟ್ಟುವ ಕೂಲಿ, ಔಷಧಿ, ಹಣ್ಣು ಕೀಳುವ ಕೂಲಿ, ಗಾಡಿ ಬಾಡಿಗೆ ಎಲ್ಲ ಸೇರಿ 2 ಲಕ್ಷ ಅಂತ ಇಟ್ಕೊಳ್ಳಿ. ಒಬ್ಬರು 1,500 ಬಾಕ್ಸ್ ತೆಗೆದರು. ಅವರ ಖರ್ಚು ಬಾಕ್ಸಿಗೆ ಸುಮಾರು 133 ರೂಪಾಯಿ. ಪಕ್ಕದ ಜಮೀನಿನವರಿಗೆ ಸಿಕ್ಕಿದ್ದು 600 ಬಾಕ್ಸ್. ಅವರಿಗೆ ಬಾಕ್ಸಿಗೆ 333 ರೂಪಾಯಿ ಬಿತ್ತು. (ಹಣ್ಣು ಕಮ್ಮಿಯಾದರೆ ಕೀಳುವ ಕೂಲಿ, ಬಾಡಿಗೆ ಸ್ವಲ್ಪ ಉಳಿಯುತ್ತದೆ, ಆದರೆ ದೊಡ್ಡ ಖರ್ಚೆಲ್ಲ ಅಷ್ಟರೊಳಗೆ ಆಗಿಹೋಗಿರುತ್ತದೆ.) ಈಗ ಮಂಡಿಯಲ್ಲಿ ಬಾಕ್ಸ್ 200 ರೂಪಾಯಿ ಅಂತ ಇಟ್ಕೊಳ್ಳಿ. ಮೊದಲನೆಯವರಿಗೆ 1 ಲಕ್ಷ ಲಾಭ, ಎರಡನೆಯವರಿಗೆ 80 ಸಾವಿರ ನಷ್ಟ. ಅದೇ ದಿನ, ಅದೇ ಮಂಡಿ, ಅದೇ ಬೆಲೆ. ಒಬ್ಬರು "ಈ ಸಲ ಪರವಾಗಿಲ್ಲ" ಅಂತಾರೆ, ಇನ್ನೊಬ್ಬರು ಹಣೆಬರಹ ಅಂತಾರೆ.

ಶ್ರಮ ಕೆಲಸ ಮಾಡೋದು ಇಲ್ಲೇ. ನೀವು ಎಷ್ಟೇ ಬೆವರು ಸುರಿಸಿದರೂ ಹರಾಜಿನಲ್ಲಿ ಬೆಲೆ ಹತ್ತು ರೂಪಾಯಿ ಏರಲ್ಲ. ಆದರೆ ಯಾವ ಬೆಲೆಗೆ ಮುಳುಗುತ್ತೀರಿ ಅನ್ನೋದು ಮಾತ್ರ ಕೆಳಗಿಳಿಯುತ್ತದೆ. 333ಕ್ಕೆ ಮುಳುಗುವವರು ವರ್ಷದಲ್ಲಿ ಎಷ್ಟೋ ಸಲ ಮುಳುಗುತ್ತಾರೆ, 133ಕ್ಕೆ ಮುಳುಗುವವರಿಗೆ ಆ ಅಪಾಯ ಅದಕ್ಕಿಂತ ಕಮ್ಮಿ. ನಾಟಿಯಾದ ಮೊದಲ ತಿಂಗಳು ಎಲೆ ಮುದುಡು ರೋಗ ಹರಡುವ ಬಿಳಿ ನೊಣದ ಮೇಲೆ ಕಣ್ಣಿಡೋದು, ಒಂದು ಗಿಡಕ್ಕೆ ಎಲೆ ಮುದುಡು ಬಂದ ಕೂಡಲೇ ಕಿತ್ತು ಹೂಳೋದು, ಮಳೆಗಾಲದಲ್ಲಿ ಅಂಗಮಾರಿ ರೋಗ ಬರೋ ಮುಂಚೇನೇ ಔಷಧಿ ಹೊಡೆಯೋದು. ನೋಡೋಕೆ ಸಣ್ಣ ಕೆಲಸಗಳು. 600 ಮತ್ತು 1,500ರ ನಡುವಿನ ಅಂತರ ಬಹುಪಾಲು ಇವುಗಳಲ್ಲೇ ಇದೆ.

ಹಾಗಂತ 600 ಬಾಕ್ಸ್ ತೆಗೆದವರನ್ನು ಸೋಮಾರಿ ಅಂದರೆ ನನಗೆ ನಿಜವಾಗಲೂ ಸಿಟ್ಟು ಬರುತ್ತದೆ. ಊರಿನ ಕಟ್ಟೆಯಲ್ಲಿ ಈ ಮಾತು ತುಂಬಾ ಸುಲಭವಾಗಿ ಬರುತ್ತದೆ. ಕಾಯಿ ಕಟ್ಟುವ ಹೊತ್ತಿಗೆ ಅವರ ಬೋರ್ ನಿಂತುಹೋಗಿರಬಹುದು. ಸಾವಿರ ಅಡಿ ದಾಟಿ ಕೊರೆಸಿದರೂ ನೀರು ಬರದ ಊರುಗಳು ನಮ್ಮ ಕಡೆ ಬೇಕಾದಷ್ಟಿವೆ, ಒಂದು ಬೋರ್ ಫೇಲಾದರೆ ಒಂದು ಬೆಳೆಯ ಖರ್ಚಿಗಿಂತ ಜಾಸ್ತಿ ಮಣ್ಣುಪಾಲು. 2018ರಲ್ಲಿ ಕೆ.ಸಿ. ವ್ಯಾಲಿ (ಕೋರಮಂಗಲ-ಚಲ್ಲಘಟ್ಟ ಕಣಿವೆ) ಯೋಜನೆಯಲ್ಲಿ ಬೆಂಗಳೂರಿನ ಸಂಸ್ಕರಿಸಿದ ನೀರು ಕೋಲಾರದ ಕೆರೆಗಳಿಗೆ ಬರತೊಡಗಿತು. ಆ ನೀರಿನ ಗುಣಮಟ್ಟದ ಚರ್ಚೆ ಬೇರೆಯೇ ಇದೆ, ಅದಕ್ಕೆ ಇನ್ನೊಂದು ಅಂಕಣ ಬೇಕು. ಆದರೆ ಕೆರೆ ತುಂಬಿದ ಊರಲ್ಲಿ ಬೋರ್‌ಗೆ ಜೀವ ಬಂತು, ಪೈಪ್‌ಲೈನ್ ಹೋಗದ ಊರಲ್ಲಿ ಇಲ್ಲ. ಪೈಪ್ ಯಾವ ಕಡೆ ಹೋಗಬೇಕು ಅಂತ ರೈತ ತೀರ್ಮಾನ ಮಾಡಿದ್ದಲ್ಲ. ಅವಕಾಶ ಅನ್ನೋದು ನಮ್ಮಲ್ಲಿ ಹಂಚಿಕೆಯಾಗಿರೋದು ಹೀಗೆ.

ದುಡ್ಡಿನದೂ ಅದೇ ಕಥೆ. ರೇಟ್ ಬಿದ್ದಿರುವಾಗ ನಾಟಿ ಮಾಡಿದವರಿಗೆ ಮುಂದೆ ಒಳ್ಳೆ ಬೆಲೆ ಸಿಗುವ ಸಾಧ್ಯತೆ ಜಾಸ್ತಿ ಅಂತ ನಾನು ಹೇಳ್ತೀನಿ, ಎಲ್ಲರೂ ತಲೆಯಾಡಿಸ್ತಾರೆ. ಆದರೆ ಆ ಹೊತ್ತಲ್ಲಿ ನಾಟಿ ಮಾಡಲು ಕೈಯಲ್ಲಿ ಕಾಸಿರಬೇಕಲ್ವಾ? ಹಿಂದಿನ ಬೆಳೆಯಲ್ಲಿ ಸೋತವರು ಮಂಡಿಯವರ ಹತ್ತಿರ ಮುಂಗಡ ತಗೊಂಡಿರ್ತಾರೆ, ಹಣ್ಣು ಅಲ್ಲಿಗೇ ಹಾಕಬೇಕು, ಸಾಲ ಮುರಿದುಕೊಂಡು ಉಳಿದದ್ದು ಕೈಗೆ ಬರುತ್ತದೆ. ಗುತ್ತಿಗೆ ಜಮೀನಾದರೆ ಇನ್ನೂ ಕಷ್ಟ, ಬೆಳೆ ಬರಲಿ ಬಿಡಲಿ ಗುತ್ತಿಗೆ ಹಣ ಕಟ್ಟಲೇಬೇಕು. 2023ರ ಜುಲೈ ಬಂದಾಗ ಇಂಥವರು ಆಟದಿಂದ ಆಚೆ ಇದ್ದರು. ಅವರ ದುಡಿಮೆ ಕಮ್ಮಿ ಇರಲಿಲ್ಲ.

ಅದಕ್ಕೇ ನನ್ನ ಸಲಹೆಯಲ್ಲಿ "ಈ ತಿಂಗಳು ಹಾಕಿ, ಒಳ್ಳೆ ರೇಟ್ ಬರುತ್ತೆ" ಅನ್ನೋ ಮಾತು ಇರಲ್ಲ. ಯಾರಾದರೂ ಗ್ಯಾರಂಟಿ ಕೊಟ್ಟರೆ ನಂಬಬೇಡಿ. ನಾನು ಕೇಳೋದು ಬೇರೆ. ಈ ಬೆಳೆ ಪೂರ್ತಿ ಹೋದರೂ ಇನ್ನೊಂದು ಬೆಳೆಗೆ ದುಡ್ಡು ಇದೆಯಾ? ಇಲ್ಲ ಅಂದರೆ ಎರಡು ಎಕರೆ ಬದಲು ಒಂದು ಎಕರೆ ಹಾಕಿ. ಆ ಒಂದು ಎಕರೆಯನ್ನೂ ಒಟ್ಟಿಗೆ ನಾಟಿ ಮಾಡಬೇಡಿ, ಅರ್ಧ ಈಗ, ಅರ್ಧ ಒಂದು ತಿಂಗಳ ನಂತರ. ಆದರೆ ಹಳೇ ಗಿಡದ ರೋಗ ಹೊಸ ಸಸಿಗೆ ಹತ್ತುತ್ತದೆ, ಹಾಗಾಗಿ ಎರಡನ್ನೂ ಅಕ್ಕಪಕ್ಕ ಹಾಕದೆ ನಡುವೆ ನಾಲ್ಕು ಸಾಲು ಜೋಳ ಬಿತ್ತಿ. ಕೊಯ್ಲು ಮೂರು ತಿಂಗಳಿಗೆ ಹರಡುತ್ತದೆ, ಹರಾಜಿನ ಒಳ್ಳೆ ದಿನ ಒಂದಾದರೂ ನಿಮ್ಮ ಹಣ್ಣಿಗೆ ಸಿಗುವ ಸಾಧ್ಯತೆ ಹೆಚ್ಚುತ್ತದೆ. ರೇಟ್ ಬಿತ್ತು ಅಂತ ಗಿಡಕ್ಕೆ ನೀರು, ಔಷಧಿ ನಿಲ್ಲಿಸುವ ಮುಂಚೆ ಇನ್ನೆಷ್ಟು ಕೊಯ್ಲು ಬಾಕಿ ಇದೆ ಅಂತ ಎಣಿಸಿ. ನಾಲ್ಕೈದು ಬಾಕಿ ಇದ್ದರೆ ನೀರು, ಔಷಧಿ ನಿಲ್ಲಿಸದೆ ಹದಿನೈದು ದಿನ ಕಾಯಿರಿ, ಒಂದೆರಡೇ ಆದರೆ ಕಿತ್ತು ಹಾಕಿ ಜಮೀನು ಖಾಲಿ ಮಾಡಿ. ಮತ್ತೆ ಒಳ್ಳೆ ರೇಟ್ ಬಂದ ವರ್ಷ ಟ್ರ್ಯಾಕ್ಟರ್ ಶೋರೂಮಿಗೆ ಹೋಗೋ ಮುಂಚೆ ಮುಂದಿನ ಎರಡು ಬೆಳೆಯ ಖರ್ಚನ್ನು ಮನೆಯಾಕೆಯ ಖಾತೆಗೆ ಹಾಕಿ.