‘ಚಿಪ್ಪೆಂಡೇಲ್’ ಕುರ್ಚಿ ಅಂದರೆ ಯಾವ ಕುರ್ಚಿ?

ಇಂಗ್ಲೆಂಡಿನ ಹಳೆ ಪೀಠೋಪಕರಣಗಳ ಮಾರುಕಟ್ಟೆಯಲ್ಲಿ ‘ಚಿಪ್ಪೆಂಡೇಲ್’ ಅನ್ನುವ ಹೆಸರಿಗೆ ಕನಿಷ್ಠ ಮೂರು ಅರ್ಥಗಳಿವೆ. ಹದಿನೆಂಟನೇ ಶತಮಾನದ ಲಂಡನ್ನಿನ ಪೀಠೋಪಕರಣ ತಯಾರಕ ಥಾಮಸ್ ಚಿಪ್ಪೆಂಡೇಲ್‌ನ ಅಂಗಡಿಯಲ್ಲೇ ತಯಾರಾದ ಕುರ್ಚಿ ಒಂದು. ಆತನ ವಿನ್ಯಾಸದ ಪುಸ್ತಕ ನೋಡಿಕೊಂಡು ಅದೇ ಕಾಲದ ಬೇರೆ ಯಾರೋ ಬಡಗಿ ಮಾಡಿದ್ದು ಇನ್ನೊಂದು. ಸುಮಾರು ನೂರು ವರ್ಷ ಕಳೆದ ಮೇಲೆ, ವಿಕ್ಟೋರಿಯಾ ರಾಣಿಯ ಕಾಲದಲ್ಲಿ ಬಂದ ನಕಲು ಮತ್ತೊಂದು. ಮೂರನ್ನೂ ಕರೆಯುವುದು ಒಂದೇ ಹೆಸರಿನಿಂದ. ಬೆಲೆಯಲ್ಲಿ ಮಾತ್ರ ಅಜಗಜಾಂತರ.

ಈ ಗೋಜಲನ್ನು ಬಿಡಿಸಲು ಮರದಿಂದಲೇ ಶುರು ಮಾಡುವುದು ವಾಸಿ. 1660ರವರೆಗೆ ಅಲ್ಲಿನ ಮನೆಗಳಲ್ಲಿ ಓಕ್ ಮರದ್ದೇ ಕಾರುಬಾರು. ಆ ವರ್ಷ ಎರಡನೇ ಚಾರ್ಲ್ಸ್ ಪರದೇಶದಿಂದ ಮರಳಿ ಬಂದು ದೊರೆಯಾದ. ಅವನ ಹಿಂದೆಯೇ ಯುರೋಪಿನ ಅಭಿರುಚಿ ಬಂತು, ವಾಲ್‌ನಟ್ ಮರ ಮೇಲೆ ಬಂತು. ಆ್ಯನ್ ರಾಣಿಯ (1702–14) ಹೊತ್ತಿಗೆ ಕುರ್ಚಿಯ ಕಾಲು ಪ್ರಾಣಿಯ ಕಾಲಿನ ಹಾಗೆ ಬಾಗಿತು.

ಆಮೇಲೆ ಆದದ್ದು ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುತ್ತದೆ. 1709ರ ಚಳಿಗೆ ಫ್ರಾನ್ಸಿನ ವಾಲ್‌ನಟ್ ಮರಗಳು ಸತ್ತವು. 1720ರಲ್ಲಿ ಆ ದೇಶ ವಾಲ್‌ನಟ್ ರಫ್ತನ್ನೇ ನಿಲ್ಲಿಸಿತು. 1721ರಲ್ಲಿ ಬ್ರಿಟಿಷ್ ಸಂಸತ್ತು ಅಮೆರಿಕದ ಕಡೆಯ ತನ್ನ ವಸಾಹತುಗಳ ಮರದ ಮೇಲಿನ ಆಮದು ಸುಂಕ ತೆಗೆದುಹಾಕಿತು. ಜಮೈಕಾದ ಮಹಾಗನಿ ಹಡಗು ಹಡಗಾಗಿ ಬರತೊಡಗಿತು. ಅಗಲವಾದ ಹಲಗೆ, ಎಷ್ಟು ಸಣ್ಣ ಕೆತ್ತನೆಗೂ ಒಗ್ಗುವ ಗಟ್ಟಿತನ, ಕೆಂಪು ಹೊಳಪು. ಬಡಗಿಗೆ ಇನ್ನೇನು ಬೇಕು, ಅಲ್ವಾ? ಆದರೆ ಕಾಡಿನಲ್ಲಿ ಆ ಮರ ಕಡಿದು ಎಳೆದವರು ಗುಲಾಮರು. ಹೊಳಪನ್ನು ವರ್ಣಿಸುವ ಬರಹಗಳಲ್ಲಿ ಅವರಿಗೆ ಒಂದು ಸಾಲಾದರೂ ಸಿಗಬೇಕು.

ಈ ಮಹಾಗನಿಯ ಕಾಲದಲ್ಲೇ ಚಿಪ್ಪೆಂಡೇಲ್ ಬೆಳೆದದ್ದು. ಯಾರ್ಕ್‌ಶೈರಿನ ಓಟ್ಲಿ ಊರಿನ ಬಡಗಿ ಮನೆತನದ ಹುಡುಗ. 1754ರಲ್ಲಿ ಪೀಠೋಪಕರಣಗಳ ವಿನ್ಯಾಸದ ಪುಸ್ತಕ ಪ್ರಕಟಿಸಿದ. 160 ಚಿತ್ರಪುಟಗಳು. ಗಾಥಿಕ್, ಚೀನೀ, ಫ್ರೆಂಚ್, ಮೂರೂ ರುಚಿ ಒಂದೇ ಕಡೆ. ಅದನ್ನು ಶ್ರೀಮಂತರೂ ಕೊಂಡರು, ಬಡಗಿಗಳೂ ಕೊಂಡರು. ಅಟ್ಲಾಂಟಿಕ್ ದಾಟಿ ಫಿಲಡೆಲ್ಫಿಯಾದ ಬಡಗಿಗಳ ಕೈಗೂ ಅದು ಸಿಕ್ಕಿತು. 1755ರಲ್ಲಿ ಲಂಡನ್ನಿನ ಸೇಂಟ್ ಮಾರ್ಟಿನ್ಸ್ ಲೇನಿನಲ್ಲಿದ್ದ ಆತನ ಕಾರ್ಖಾನೆಗೆ ಬೆಂಕಿ ಬಿದ್ದಾಗ 22 ಕೆಲಸಗಾರರ ಹತ್ಯಾರಿನ ಪೆಟ್ಟಿಗೆಗಳು ಸುಟ್ಟುಹೋದವು. ಒಬ್ಬನ ಹೆಸರಿನ ಹಿಂದೆ ಅಷ್ಟು ಕೈಗಳು. ಮಾಡಿದ ವಸ್ತುವಿನ ಮೇಲೆ ಆತ ಮುದ್ರೆ ಒತ್ತುತ್ತಿರಲಿಲ್ಲ. ಹಾಗಾಗಿ ನಾಸ್ಟೆಲ್ ಪ್ರಯರಿ, ಹೇರ್‌ವುಡ್ ಹೌಸಿನಂಥ ದೊಡ್ಡ ಮನೆಗಳಲ್ಲಿ ಉಳಿದ ಹಳೆ ಬಿಲ್ಲು, ಲೆಕ್ಕಪತ್ರಗಳೇ ಇವತ್ತು ಗಟ್ಟಿ ಸಾಕ್ಷಿ.

ಮುಂದಿನ ಎರಡು ದೊಡ್ಡ ಹೆಸರುಗಳ ಕಥೆಯೂ ಇಷ್ಟೇ. ಜಾರ್ಜ್ ಹೆಪಲ್‌ವೈಟ್ 1786ರಲ್ಲಿ ತೀರಿಕೊಂಡ. ಪುಸ್ತಕ 1788ರಲ್ಲಿ ಹೊರತಂದವಳು ಹೆಂಡತಿ ಆಲಿಸ್. ಆತನದೇ ಕೈಯದ್ದು ಎಂದು ಖಚಿತವಾಗಿ ಹೇಳಬಹುದಾದ ಒಂದು ಕುರ್ಚಿಯೂ ಇಲ್ಲ. ಥಾಮಸ್ ಶೆರಟನ್ ಪುಸ್ತಕ 1791ರಿಂದ ಕಂತುಕಂತಾಗಿ ಬಂತು. ಆತನಿಗೂ ಹೆಸರು ತಂದದ್ದು ಚಿತ್ರಗಳೇ. ಕಾಲುಗಳು ಮತ್ತೆ ನೇರವಾದವು, ತೆಳುವಾದವು. ರೀಜೆನ್ಸಿ ಕಾಲದಲ್ಲಿ, ಅಂದರೆ ಹತ್ತೊಂಬತ್ತನೇ ಶತಮಾನದ ಶುರುವಿನಲ್ಲಿ, ಕಪ್ಪುಗೆರೆಯ ರೋಸ್‌ವುಡ್ ಮೆರೆಯಿತು. ನಮ್ಮ ಬೀಟೆಯೂ ಅದೇ ಬಳಗದ ಮರ. ವಿಕ್ಟೋರಿಯಾ ಕಾಲದಲ್ಲಿ ಯಂತ್ರ ಬಂತು, ಹಳೆಯ ಶೈಲಿಗಳೆಲ್ಲ ಮತ್ತೊಮ್ಮೆ ತಯಾರಾದವು.

ಹಾಗಾದರೆ ಹಳೆಯದನ್ನು ಗುರುತಿಸುವುದು ಹೇಗೆ? ಹೆಸರು ಕೇಳಬೇಡಿ, ಡ್ರಾಯರ್ ಎಳೆಯಿರಿ. ಮೂಲೆಯಲ್ಲಿ ಎರಡು ಹಲಗೆಗಳನ್ನು ಹಲ್ಲಿಗೆ ಹಲ್ಲು ಕೂಡಿಸುವ ಡವ್‌ಟೇಲ್ ಜೋಡಣೆಯ ಹಲ್ಲುಗಳು ಒಂದು ಅಗಲ, ಒಂದು ಕಿರಿದು ಇದ್ದರೆ ಕೈಯಲ್ಲಿ ಕತ್ತರಿಸಿದ್ದು. ಎಲ್ಲವೂ ಒಂದೇ ಅಳತೆಯಲ್ಲಿದ್ದರೆ ಯಂತ್ರ ನೆನಪಾಗಬೇಕು. ಮೂರು ಕಾಲಿನ ದುಂಡು ಟೀ ಮೇಜು ಸಿಕ್ಕರೆ ಟೇಪು ಹಿಡಿದು ಮರದ ಎಳೆಯ ಉದ್ದಕ್ಕೊಮ್ಮೆ, ಅಡ್ಡಕ್ಕೊಮ್ಮೆ ಅಳೆಯಿರಿ. ಮರ ವರ್ಷಗಳು ಕಳೆದಂತೆ ಎಳೆಗೆ ಅಡ್ಡವಾಗಿ ಜಾಸ್ತಿ ಕುಗ್ಗುತ್ತದೆ. ಎರಡೂ ಅಳತೆ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಸಮ ಬಂದರೆ, ಮಾರುವವರನ್ನು ಇನ್ನೊಂದು ಸಲ ಕೇಳಿ.