ಹೇಬಿಯಸ್ ಹಾಕಿದರೆ ಮಗಳು ಮನೆಗೆ ಬರುತ್ತಾಳಾ?

ಈಚೆಗೆ ಒಬ್ಬರು ನನ್ನ ವಕೀಲಿ ಆಫೀಸಿಗೆ ಬಂದಿದ್ದರು. ಕೈಯಲ್ಲಿ ಪ್ಲಾಸ್ಟಿಕ್ ಕವರ್, ಅದರಲ್ಲಿ ಮಗಳ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡು, ಕಾಲೇಜು ಫೀಸಿನ ರಸೀದಿಗಳು, ರೇಷನ್ ಕಾರ್ಡು. ಮಗಳಿಗೆ 23. ಬೇರೆ ಧರ್ಮದ ಹುಡುಗನ ಜೊತೆ ಹೋಗಿದ್ದಾಳೆ. 'ಮೇಡಂ, ಹೇಬಿಯಸ್ ಹಾಕಿ, ಅವಳನ್ನ ನಮ್ಮ ವಶಕ್ಕೆ ಕೊಡಿಸಿಬಿಡಿ' ಅಂದರು. ರೇಷನ್ ಕಾರ್ಡು ಯಾಕೆ ತಂದಿರಿ ಅಂತ ಕೇಳಿದೆ. 'ಹೆಸರು ಇನ್ನೂ ನಮ್ಮ ಜೊತೆನೇ ಇದೆ ನೋಡಿ' ಅಂದರು. ಹೇಬಿಯಸ್ ಅಂದರೆ ಹೇಬಿಯಸ್ ಕಾರ್ಪಸ್, ಅಕ್ರಮವಾಗಿ ಕೂಡಿಹಾಕಿದವರನ್ನು ಕೋರ್ಟಿನ ಮುಂದೆ ತರಿಸಿ ಬಿಡಿಸುವ ಅರ್ಜಿ.

ನನಗೆ ತಲೆ ಕೆಡುವುದು ಆ 'ವಶ' ಅನ್ನುವ ಮಾತಿಗೆ. 18 ತುಂಬಿದವರು ಯಾರ ವಶದಲ್ಲೂ ಇರುವುದಿಲ್ಲ. ಅಪ್ಪನ ವಶದಲ್ಲಿ ಇಲ್ಲ, ಗಂಡನ ವಶದಲ್ಲೂ ಇಲ್ಲ. ಹೇಬಿಯಸ್ ಕಾರ್ಪಸ್ ಅರ್ಜಿಯಲ್ಲಿ ಹೈಕೋರ್ಟ್ ನೋಡುವುದು ಒಂದೇ: ಇವಳನ್ನು ಯಾರಾದರೂ ಕಾನೂನು ಮೀರಿ ಕೂಡಿಹಾಕಿದ್ದಾರಾ? ಹುಡುಗಿ ಬಂದು 'ನಾನೇ ಇಷ್ಟಪಟ್ಟು ಹೋದೆ' ಅಂದರೆ ಅರ್ಜಿ ಅಲ್ಲಿಗೆ ಮುಗಿಯಿತು. ಅವಳು ಮಾಡಿದ್ದು ಸರಿಯೋ ತಪ್ಪೋ, ಹುಡುಗ ಒಳ್ಳೆಯವನೋ ಅಲ್ಲವೋ, ನೀವು ಅವಳ ಓದಿಗೆ ಎಷ್ಟು ಸಾಲ ಮಾಡಿದಿರಿ, ಇದ್ಯಾವುದೂ ಆ ಅರ್ಜಿಯೊಳಗೆ ಬರುವುದಿಲ್ಲ.

ಇಷ್ಟು ಹೇಳಿದ ಮೇಲೆ ಎಲ್ಲರೂ ಕೇಳುವ ಮುಂದಿನ ಪ್ರಶ್ನೆ, 'ಆ ಮದುವೆನೇ ಸರಿ ಇಲ್ವಲ್ಲ ಮೇಡಂ?' ಇರಬಹುದು. ಆದರೆ ಮದುವೆ ಬಿದ್ದುಹೋದರೂ ಮಗಳು ಅಪ್ಪನ ಮನೆಗೆ ವಾಪಸ್ ಬರಬೇಕು ಅಂತ ಆಗುವುದಿಲ್ಲ. ಕೇರಳದ ಒಂದು ಕೇಸಿನಲ್ಲಿ ಹುಡುಗನಿಗೆ ಮದುವೆಗೆ ಬೇಕಾದ 21 ತುಂಬಿರಲಿಲ್ಲ, ಹೈಕೋರ್ಟ್ ಹುಡುಗಿಯನ್ನು ಅಪ್ಪನ ಜೊತೆ ಕಳಿಸಿತ್ತು. 2018ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಇಬ್ಬರೂ ವಯಸ್ಕರು, ಮದುವೆ ಆಗದೆಯೂ ಒಟ್ಟಿಗೆ ಇರಬಹುದು ಅಂದಿತು. ಹಾದಿಯಾ ಅಂದರೆ ಇಸ್ಲಾಂಗೆ ಮತಾಂತರವಾಗಿ ಮುಸ್ಲಿಂ ಹುಡುಗನನ್ನು ಮದುವೆಯಾದ ಕೇರಳದ ಯುವತಿ. ಅದೇ ವರ್ಷ ಅವರ ಪ್ರಕರಣದಲ್ಲಿ, ಅಪ್ಪ ಹಾಕಿದ ಹೇಬಿಯಸ್ ಅರ್ಜಿಯಲ್ಲಿ ಕೂತು ಕೇರಳ ಹೈಕೋರ್ಟ್ ಮದುವೆಯನ್ನು ರದ್ದು ಮಾಡಿದ್ದೇ ತಪ್ಪು ಅಂತ ಸುಪ್ರೀಂ ಕೋರ್ಟ್ ಹೇಳಿತು. 2020ರಲ್ಲಿ ನಮ್ಮ ಕರ್ನಾಟಕ ಹೈಕೋರ್ಟೂ ಇಂಥದ್ದೇ ಒಂದು ಅರ್ಜಿಯಲ್ಲಿ, ಯಾರನ್ನು ಮದುವೆಯಾಗಬೇಕು ಅನ್ನುವುದು ವಯಸ್ಕರ ಮೂಲಭೂತ ಹಕ್ಕು ಅಂದಿದೆ.

ಹುಡುಗರಿಗೂ ಒಂದು ಮಾತು. 'ಕೋರ್ಟು ಅವಳನ್ನ ನಂಗೆ ಕೊಡ್ತು' ಅಂತ ಹೇಳಿಕೊಂಡು ತಿರುಗಬೇಡಿ. ಕೋರ್ಟು ಯಾರನ್ನೂ ಯಾರಿಗೂ ಕೊಡುವುದಿಲ್ಲ. 2017ರ ನವೆಂಬರ್‌ನಲ್ಲಿ ಹಾದಿಯಾ ಸುಪ್ರೀಂ ಕೋರ್ಟಿನಲ್ಲಿ ನನಗೆ ಸ್ವಾತಂತ್ರ್ಯ ಬೇಕು ಅಂದಾಗ ಅವರನ್ನು ಕಳಿಸಿದ್ದು ಅಪ್ಪನ ಮನೆಗೂ ಅಲ್ಲ, ಗಂಡನ ಮನೆಗೂ ಅಲ್ಲ, ಸೇಲಂನಲ್ಲಿದ್ದ ಅವರ ಕಾಲೇಜಿಗೆ.

ಬೇರೆ ಬೇರೆ ಧರ್ಮದವರು ಧರ್ಮ ಬದಲಿಸದೆ ಮದುವೆಯಾಗಲು ಇರುವ ವಿಶೇಷ ವಿವಾಹ ಕಾಯ್ದೆಯಲ್ಲಿ, ಮದುವೆಗೆ ಮುಂಚೆ ಕೊಡುವ 30 ದಿನದ ನೋಟಿಸಿಗೆ ತಕರಾರು ಹಾಕುತ್ತೇವೆ ಅನ್ನುವವರೂ ಇದ್ದಾರೆ. ಹಾಕಬಹುದು. ಆದರೆ ವಯಸ್ಸು, ಮೊದಲೇ ಇರುವ ಗಂಡ ಅಥವಾ ಹೆಂಡತಿ, ಹತ್ತಿರದ ರಕ್ತಸಂಬಂಧ, ಮಾನಸಿಕ ಸ್ಥಿತಿ, ಇಂಥ ಕಾರಣ ಬೇಕು. 'ನಮಗೆ ಒಪ್ಪಿಗೆ ಇಲ್ಲ' ಅನ್ನುವುದು ಆ ಪಟ್ಟಿಯಲ್ಲಿ ಇಲ್ಲ.

ಹಾಗಂತ ಎಲ್ಲ ಕೇಸೂ ಒಂದೇ ಅಲ್ಲ. ವಯಸ್ಸು 18ಕ್ಕಿಂತ ಕಡಿಮೆ ಇದ್ದರೆ ನಾನು ಮೇಲೆ ಬರೆದದ್ದು ಯಾವುದೂ ಲೆಕ್ಕಕ್ಕೆ ಬರುವುದಿಲ್ಲ. ನಿಜವಾಗಿ ಕೂಡಿಹಾಕಿದ್ದಾರೆ, ಹೆದರಿಸುತ್ತಿದ್ದಾರೆ ಅನ್ನಿಸಿದರೆ ಒಂದು ದಿನವೂ ತಡ ಮಾಡಬೇಡಿ. ಹೇಬಿಯಸ್ ಇರುವುದೇ ಅದಕ್ಕೆ. ಆ ಕೂಡಿಹಾಕಿದವರು ಅಪ್ಪ ಅಮ್ಮನೇ ಆಗಿದ್ದರೂ ಅಷ್ಟೇ.

ಆದರೆ ಅನುಮಾನವೇ ಇಲ್ಲದೆ, ಸುಮ್ನೆ ಕೋಪಕ್ಕೆ, 'ಮತ್ತು ಬರಿಸಿದ್ದಾರೆ', 'ತಲೆ ತಿರುಗಿಸಿದ್ದಾರೆ' ಅಂತ ಅಫಿಡವಿಟ್‌ನಲ್ಲಿ ಬರೆಸಬೇಡಿ. ಅದನ್ನು ಜಡ್ಜ್ ಮಾತ್ರ ಓದುವುದಿಲ್ಲ, ಮಗಳೂ ಓದುತ್ತಾಳೆ. ವಾರದಲ್ಲಿ ಒಮ್ಮೆ ಅಮ್ಮನಿಗೆ ಫೋನ್ ಮಾಡುತ್ತಿದ್ದವಳು ಅದನ್ನು ಓದಿದ ಮೇಲೆ ನಂಬರ್ ಬದಲಾಯಿಸಿದ್ದನ್ನು ನಾನೇ ನೋಡಿದ್ದೇನೆ.

ಆವತ್ತು ಆಫೀಸಿಗೆ ಬಂದಿದ್ದವರಿಗೆ ಇದನ್ನೆಲ್ಲ ಒಂದು ಗಂಟೆ ಹೇಳಿದೆ. ತಲೆ ಆಡಿಸಿ, ಕವರ್ ಮಡಚಿಕೊಂಡು ಹೋದರು. ಎರಡು ವಾರ ಆದಮೇಲೆ ಬೇರೆ ವಕೀಲರ ಕಡೆಯಿಂದ ಅರ್ಜಿ ಹಾಕಿಸಿದ್ದಾರೆ ಅಂತ ಗೊತ್ತಾಯಿತು. ರೇಷನ್ ಕಾರ್ಡಿನ ಪ್ರತಿಯನ್ನೂ ಲಗತ್ತಿಸಿದ್ದಾರಂತೆ.