ನಾಲ್ಕೇ ಚಿತ್ರಗಳ ಬಿಲ್ ಡಗ್ಲಸ್

ಸ್ಕಾಟ್‌ಲೆಂಡಿನ ನಿರ್ದೇಶಕ ಬಿಲ್ ಡಗ್ಲಸ್ 1991ರಲ್ಲಿ, 57ನೇ ವಯಸ್ಸಿಗೆ ತೀರಿಕೊಂಡರು. ಅಷ್ಟರಲ್ಲಿ ತೆರೆಕಂಡಿದ್ದ ಅವರ ಮುಖ್ಯ ಚಿತ್ರಗಳು ನಾಲ್ಕೇ. ಮೊದಲೆರಡಂತೂ ಒಂದೊಂದು ಗಂಟೆಯೂ ಇಲ್ಲ. ಯಾಕಿಷ್ಟು ಕಮ್ಮಿ ಎಂದರೆ, ಮನುಷ್ಯ ಹಟಮಾರಿ ಎಂಬ ಉತ್ತರ ಸಿದ್ಧವಾಗಿರುತ್ತದೆ. ಹಟಮಾರಿ ಹೌದು. ಆದರೆ ನನ್ನ ಪ್ರಕಾರ ತೊಡಕು ಇದ್ದದ್ದು ಅವರ ಸ್ವಭಾವಕ್ಕಿಂತ ಹೆಚ್ಚಾಗಿ ಬ್ರಿಟನ್ನಿನಲ್ಲಿ ಚಿತ್ರಗಳಿಗೆ ದುಡ್ಡು ಹುಟ್ಟುತ್ತಿದ್ದ ರೀತಿಯಲ್ಲಿ.

ಎಡಿನ್‌ಬರೋ ಪಕ್ಕದ ನ್ಯೂಕ್ರೇಗ್‌ಹಾಲ್ ಆಗ ಕಲ್ಲಿದ್ದಲು ಗಣಿಯ ಊರು. ಅಲ್ಲಿ ಕಡುಬಡತನದಲ್ಲಿ ಅವರನ್ನು ಸಾಕಿದ್ದು ತಾಯಿಯ ತಾಯಿ. ಕಾಸಿಲ್ಲದಾಗ ಜಾಮ್ ಬಾಟಲಿಗಳನ್ನು ಕೊಟ್ಟು ಸಿನಿಮಾ ನೋಡುತ್ತಿದ್ದ ಹುಡುಗ ಮುಂದೆ ಕಡ್ಡಾಯ ಸೇನಾ ಸೇವೆಗೆಂದು ಈಜಿಪ್ಟಿಗೆ ಹೋದ. ಅಲ್ಲಿ ಸಿಕ್ಕ ಪೀಟರ್ ಜ್ಯೂವೆಲ್ ಕೊನೆಯವರೆಗೂ ಜೊತೆಗಿದ್ದ ಗೆಳೆಯ.

ಲಂಡನ್ನಿನಲ್ಲಿ ಸಿನಿಮಾ ಕಲಿತ ಡಗ್ಲಸ್ ತಮ್ಮ ಬಾಲ್ಯವನ್ನೇ ಚಿತ್ರಕಥೆ ಮಾಡಿದರು. ಸ್ಕಾಟ್‌ಲೆಂಡಿನಲ್ಲಿ ಹಣ ಹುಟ್ಟಲಿಲ್ಲ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನ ನಿರ್ಮಾಣ ಮಂಡಳಿಯಲ್ಲಿದ್ದ ಮಾಮೂನ್ ಹಸನ್ ಕೆಲವೇ ಸಾವಿರ ಪೌಂಡ್ ಒದಗಿಸಿದರು. 1972ರ 'ಮೈ ಚೈಲ್ಡ್‌ಹುಡ್' ವೆನಿಸ್ ಚಿತ್ರೋತ್ಸವದಲ್ಲಿ ಬೆಳ್ಳಿ ಸಿಂಹ ಪ್ರಶಸ್ತಿ ಗೆದ್ದಿತು.

ಅದರಲ್ಲೊಂದು ದೃಶ್ಯ. ಹುಡುಗ ಜೇಮಿ ಕಪ್ಪಿಗೆ ಬಿಸಿನೀರು ಹೊಯ್ಯುತ್ತಾನೆ, ಚೆಲ್ಲುತ್ತಾನೆ, ಬೆಚ್ಚಗಾದ ಖಾಲಿ ಕಪ್ಪನ್ನು ಅಜ್ಜಿಯ ಕೈಗಿಟ್ಟು ಅವಳ ಬೆರಳುಗಳನ್ನು ಅದರ ಸುತ್ತ ಒತ್ತುತ್ತಾನೆ. ಮಾತಿಲ್ಲ, ಸಂಗೀತವಿಲ್ಲ. ಡಗ್ಲಸ್ ಬರೆಯುತ್ತಿದ್ದದ್ದೂ ಹೀಗೆಯೇ: ಚಿಕ್ಕ ಚಿಕ್ಕ ವಾಕ್ಯ, ಒಂದೊಂದರಲ್ಲೂ ಕಣ್ಣಿಗೆ ಕಾಣುವ ಒಂದು ಸಂಗತಿ. ಸಂಭಾಷಣೆ ಓದಿ ಕಥೆ ಅಳೆಯುವ ಸಮಿತಿಗೆ ಇಂಥ ಹಸ್ತಪ್ರತಿಯಲ್ಲಿ ಸಿಗುವುದೇನು?

'ಮೈ ಏನ್ ಫೋಕ್' 1973ರಲ್ಲಿ ಬಂತು, 'ಮೈ ವೇ ಹೋಮ್' 1978ರಲ್ಲಿ. ಮೂರರಲ್ಲೂ ಜೇಮಿಯಾದವನು ಸ್ಟೀಫನ್ ಆರ್ಚಿಬಾಲ್ಡ್, ಡಗ್ಲಸ್‌ಗೆ ಬಸ್ ಸ್ಟಾಪಿನಲ್ಲಿ ಸಿಕ್ಕ ಹುಡುಗ. ನಡುವಿನ ವರ್ಷಗಳಲ್ಲಿ ಅವನು ಬೆಳೆದದ್ದು ತೆರೆಯ ಮೇಲೆ ಹಾಗೇ ಕಾಣುತ್ತದೆ.

ನಾಲ್ಕನೆಯದು 'ಕಾಮ್ರೇಡ್ಸ್'. 1833ರಲ್ಲಿ ಇಂಗ್ಲೆಂಡಿನ ಡಾರ್ಸೆಟ್‌ನ ಟಾಲ್‌ಪಡಲ್ ಊರಿನ ಆರು ಕೂಲಿಗಳು ಸಂಘ ಕಟ್ಟಿಕೊಂಡರು. ಗುಟ್ಟಾಗಿ ಪ್ರಮಾಣ ಮಾಡಿಸಿದರೆಂಬ ನೆವದಲ್ಲಿ 1834ರಲ್ಲಿ ಅವರನ್ನು ಆಸ್ಟ್ರೇಲಿಯಾಕ್ಕೆ ಗಡೀಪಾರು ಮಾಡಲಾಯಿತು. ಸುಮಾರು ಮೂರು ಗಂಟೆಯ ಈ ಚಿತ್ರದಲ್ಲಿ ಕೂಲಿಗಳಾಗಿ ನಟಿಸಿದವರು ಹೆಚ್ಚು ಹೆಸರಿಲ್ಲದವರು; ವನೆಸಾ ರೆಡ್‌ಗ್ರೇವ್, ಜೇಮ್ಸ್ ಫಾಕ್ಸ್‌ರಂಥ ತಾರೆಯರಿಗೆ ಚಿಕ್ಕ ಪಾತ್ರಗಳು. ತಾರಾಮೌಲ್ಯ ನೋಡಿ ಹಣ ಹೂಡುವವರಿಗೆ ಇದು ರುಚಿಸುವ ಲೆಕ್ಕವಲ್ಲ. ಮಾಯಾದೀಪ (ಗಾಜಿನ ಮೇಲಿನ ಚಿತ್ರಗಳನ್ನು ಬೆಳಕಿನಿಂದ ಪರದೆಗೆ ಬೀಳಿಸುವ ಹಳೆಯ ಯಂತ್ರ) ತೋರಿಸುವವನೂ ಸೇರಿ ಹತ್ತಾರು ವೇಷಗಳನ್ನು ಅಲೆಕ್ಸ್ ನಾರ್ಟನ್ ಒಬ್ಬರೇ ಕಟ್ಟಿದ್ದಾರೆ. ಹಣ ಹೊಂದಿಸುವುದರಲ್ಲೇ ವರ್ಷಗಳು ಕಳೆದು, ಚಿತ್ರ ಬಿಡುಗಡೆಯಾದದ್ದು 1987ರಲ್ಲಿ. ಗಲ್ಲಾಪೆಟ್ಟಿಗೆ ತುಂಬಲಿಲ್ಲ.

ಆಮೇಲೆ ಜೇಮ್ಸ್ ಹಾಗ್ ಅವರ 1824ರ ಕಾದಂಬರಿಯೊಂದನ್ನು ಚಿತ್ರಕಥೆಗೆ ಇಳಿಸಿದ್ದರು. ಅದಕ್ಕೆ ಹಣ ಬರಲೇ ಇಲ್ಲ.

ಡಗ್ಲಸ್ ಮತ್ತು ಜ್ಯೂವೆಲ್ ಒಟ್ಟುಮಾಡಿದ್ದ ಮಾಯಾದೀಪ, ಪೋಸ್ಟರ್, ಪುಸ್ತಕಗಳ ಭಾರೀ ಸಂಗ್ರಹ ಎಕ್ಸೆಟರ್ ವಿಶ್ವವಿದ್ಯಾಲಯ ಸೇರಿ, ಡಗ್ಲಸ್ ಹೆಸರಿನ ಸಿನಿಮಾ ಮ್ಯೂಸಿಯಂ 1997ರಲ್ಲಿ ತೆರೆಯಿತು. ಟಿಕೆಟ್ ಇಲ್ಲ, ಯಾರು ಬೇಕಾದರೂ ಹೋಗಿ ನೋಡಬಹುದು.